ಕನ್ನಡ ಸಂಘದ ಗೋಡೆಗೆ ಪಿವಿಪಿ ಟೆಕ್ಸ್ಚರ್

ವಾಸ್ಕೋ ಪೇಟೆಯಿಂದ ತುಸು ಹೊರಗೆ, ಬಂದರಿನ ಲಾರಿಗಳೂ ವೆರ್ಣಾದ ಕಂಪನಿ ಬಸ್ಸುಗಳೂ ಒಂದನ್ನೊಂದು ಬೈದುಕೊಂಡು ಹಾಯುವ ತಿರುವಿನಲ್ಲಿ ಕರೆಪ್ಪನ ಪೇಂಟ್ ಅಂಗಡಿಯಿದೆ. ಕರೆಪ್ಪ ಕೆಟ್ಟವನಲ್ಲ. ಸುಳ್ಳುಗಾರನೆಂದೂ ಅವನನ್ನು ಕರೆಯಲಾಗದು. "ಗೊತ್ತಿಲ್ಲ" ಎಂಬುದೊಂದು ಮಾತು ಅವನ ನಾಲಿಗೆಗೆ ಹೊರಳುವುದಿಲ್ಲ, ಅಷ್ಟೇ. ಗದಗದ ಕಡೆಯಿಂದ ಗೋವೆಗೆ ಬಂದ ಹೊಸತರಲ್ಲಿ ಒಬ್ಬ ವಿದೇಶಿ ಮುದುಕ ಹಳೆಯ ಚರ್ಚಿನ ದಾರಿ ಕೇಳಿದ್ದ. ಕರೆಪ್ಪ ಅವನ ಕೈಹಿಡಿದು ನಡೆಸಿಕೊಂಡು ಹೋಗಿ ಮೀನು ಮಾರ್ಕೆಟ್ಟಿನ ನಡುವೆ ನಿಲ್ಲಿಸಿದ. ಮುದುಕ ಹಿಗ್ಗಿ ಹೀರೇಕಾಯಿಯಾಗಿ ಮೀನುಗಾರ್ತಿಯರ ಫೋಟೋ ಹೊಡೆದುಕೊಂಡು, ಕರೆಪ್ಪನನ್ನು ಅಪ್ಪಿಕೊಂಡು ಹೋದ. ತನ್ನ ಜ್ಞಾನದ ಮೇಲೆ ಕರೆಪ್ಪನಿಗೆ ಭರವಸೆ ಬಂದದ್ದು ಅಂದಿನಿಂದ.

ಆ ಭರವಸೆಗೆ ಈಚೆಗೆ ಒಂದು ಪೆಟ್ಟು ಬಿದ್ದಿತ್ತು. ಸುಣ್ಣ, ಡಿಸ್ಟೆಂಪರ್, ಆಯಿಲ್ ಪೇಂಟು ಮಾರಿಕೊಂಡು ಸುಖವಾಗಿದ್ದವನ ಅಂಗಡಿಗೆ ಜನ ಬಂದು "ಟೆಕ್ಸ್ಚರ್ ಐತೇನ್ರಿ?" ಎಂದು ಕೇಳತೊಡಗಿದ್ದರು. ಟೆಕ್ಸ್ಚರ್ ಎಂದರೆ, ಗೋಡೆಯನ್ನು ಮೊದಲು ಕಷ್ಟಪಟ್ಟು ನುಣುಪು ಮಾಡಿ, ಆಮೇಲೆ ಅದೇ ಗೋಡೆಯನ್ನು ಇನ್ನೂ ಕಷ್ಟಪಟ್ಟು ಒರಟು ಮಾಡುವ ವಿದ್ಯೆ. ಮಡಗಾಂವಿನಲ್ಲಿ ಅದಕ್ಕೊಬ್ಬ ಪಂಡಿತನಿದ್ದ. ಕರೆಪ್ಪನಲ್ಲಿ ಟೆಕ್ಸ್ಚರ್ ಇರಲಿಲ್ಲ, ಇಲ್ಲವೆನ್ನುವ ನಾಲಿಗೆಯೂ ಇರಲಿಲ್ಲ. "ನಿನ್ನೇನ ಮುಗೀತ್ರಿ" ಎಂದು ಹೇಳಿ ಕಳಿಸುತ್ತಿದ್ದ.

ಹೀಗಿರುವಾಗ ಅಲ್ಲಿನ ಕನ್ನಡ ಸಂಘದವರು ಸಭಾಭವನವೊಂದನ್ನು ಕಟ್ಟಿದರು. ವೇದಿಕೆಯ ಹಿಂದಿನ ದೊಡ್ಡ ಗೋಡೆಗೆ ಟೆಕ್ಸ್ಚರ್ ಮಾಡಿಸಬೇಕೆಂದು ಮಡಗಾಂವಿನ ಪಂಡಿತನನ್ನು ಕರೆಸಿದರು. ಅವನು ಕಪ್ಪು ಕನ್ನಡಕ ಏರಿಸಿಕೊಂಡೇ ಗೋಡೆಯನ್ನು ಮೇಲಿಂದ ಕೆಳಗೆ ನೋಡಿ, "ಈ ಗೋಡೆ ನನ್ನ ಟೆಕ್ಸ್ಚರ್ ಲಾಯಕ್ ಇಲ್ಲ" ಎಂದು ಹಿಂದಿಯಲ್ಲಿ ಅಪ್ಪಣೆ ಕೊಡಿಸಿ ಹೋಗಿಬಿಟ್ಟ. ಇಡೀ ಸಂಘ ಅವಮಾನದಿಂದ ಬೆಂದುಹೋಯಿತು. ಧಾರವಾಡದಿಂದ ಬಂದು ಬಟ್ಟೆ ಅಂಗಡಿ ಇಟ್ಟುಕೊಂಡಿದ್ದ ಸಂಘದ ಕಾರ್ಯದರ್ಶಿ ಶಶಿಧರ ಶೆಟ್ಟರು ಎರಡು ದಿನ ಸರಿಯಾಗಿ ಊಟ ಮಾಡಲಿಲ್ಲವೆಂದು ಅವರೇ ಎಲ್ಲರಿಗೂ ಹೇಳಿದರು.

ಇನ್ನು ಕರೆಪ್ಪನ ಮನೆಯ ಸಂಗತಿ. ಮಗಳು ಅಂಬಿಕಾ ಕಾಲೇಜಿನ ಕೊನೆಯ ವರ್ಷದಲ್ಲಿದ್ದಳು. ಅಪ್ಪ ಮಗಳ ನಡುವೆ ಮಾತು ನಿಂತು ಬಹಳ ದಿನವಾಗಿತ್ತು. ಕಾರಣ, ಒಂದು ಸಂಜೆ ಸೊಳ್ಳೆಗಳು ಹೆಚ್ಚಾದವೆಂದು ಕರೆಪ್ಪ ಇಂಟರ್‌ನೆಟ್ ಪೆಟ್ಟಿಗೆಯ ವೈರು ಕಿತ್ತು ಸೊಳ್ಳೆಬತ್ತಿಯ ಮಿಷನ್ನು ಚುಚ್ಚಿದ್ದ. ಒಳಕೋಣೆಯಲ್ಲಿ ಲ್ಯಾಪ್‌ಟಾಪಿನ ಮುಂದೆ ಅಂಬಿಕಾ ಆಗ ಒಂದು ಆಟದ ಫೈನಲ್ಲಿನಲ್ಲಿದ್ದಳು. ಇನ್ನೊಂದೇ ಏಟು ಬಾಕಿಯಿತ್ತಂತೆ. ಅಂದಿನಿಂದ ಅಪ್ಪ ಮಗಳ ಮಾತೆಲ್ಲ ಪಾರ್ವತೆವ್ವನ ಮೂಲಕ. ಆ ತಾಯಿಯೋ, ರೊಟ್ಟಿ ಬಡಿಯುತ್ತ ಇತ್ತಲಿನ ಮಾತನ್ನು ಅತ್ತ, ಅತ್ತಲಿನದನ್ನು ಇತ್ತ ದಾಟಿಸುತ್ತಿದ್ದಳು. ದಾಟಿಸುವಾಗ ತನಗೆ ತಿಳಿಯದ್ದನ್ನು ಬಿಟ್ಟು, ತನಗೆ ಸರಿ ಕಂಡದ್ದನ್ನು ಸೇರಿಸುತ್ತಿದ್ದಳು.

ಒಂದು ಮಧ್ಯಾಹ್ನ ಊಟಕ್ಕೆ ಬಂದ ಕರೆಪ್ಪ ಚಪ್ಪಲಿ ಬಿಡುತ್ತಿರುವಾಗ ಪರದೆಯಾಚೆಯಿಂದ ಮಗಳ ಫೋನ್ ಮಾತು ಕೇಳಿಸಿತು: "ಸುರೇಖಾ, ನನ್ನ ಟೆಕ್ಸ್ಚರ್ ಬ್ರೆಜಿಲ್ ಮಂದೀನೂ ಹಾಕ್ಕೊಳಾಕತ್ತಾರಲೇ! ಇಂಥಾ ಟೆಕ್ಸ್ಚರ್ ಎಲ್ಲೂ ಸಿಗಂಗಿಲ್ಲ ಅಂತಾರ."

ಕರೆಪ್ಪನ ಒಂದು ಚಪ್ಪಲಿ ಕಾಲಲ್ಲೇ ಉಳಿಯಿತು.

ಇಲ್ಲಿ ಓದುಗರಿಗೆ ಒಂದು ಗುಟ್ಟು ಹೇಳಲೇಬೇಕು. ಕರೆಪ್ಪನಿಗೆ ಹೇಳುವವರು ಯಾರೂ ಇರಲಿಲ್ಲ. ಅಂಬಿಕಾ ಆಡುತ್ತಿದ್ದದ್ದು ಚೌಕ ಚೌಕ ಇಟ್ಟಿಗೆಗಳ ಲೋಕದಲ್ಲಿ ಮನೆ ಕಟ್ಟುವ, ಮನಸ್ಸಾದರೆ ಇನ್ನೊಬ್ಬ ಆಟಗಾರನೊಡನೆ ಕತ್ತಿ ಹಿಡಿದು ಕಾದಾಡುವ ಒಂದು ಆಟ. ಹೀಗೆ ಆಟಗಾರರು ಪರಸ್ಪರ ಕಾದುವುದಕ್ಕೆ ಇಂಗ್ಲಿಷಿನಲ್ಲಿ ಪ್ಲೇಯರ್ ವರ್ಸಸ್ ಪ್ಲೇಯರ್, ಚುಟುಕಾಗಿ ಪಿವಿಪಿ, ಎನ್ನುತ್ತಾರೆ. ಆ ಲೋಕದ ಕಲ್ಲು, ನೀರು, ಬೆಂಕಿಗಳಿಗೆಲ್ಲ ಅಂಗಿ ತೊಡಿಸಿದ ಹಾಗೆ ಪುಟ್ಟ ಪುಟ್ಟ ಚಿತ್ರಗಳಿರುತ್ತವೆ. ಕಾದಾಡುವವರಿಗೆ ಅನುಕೂಲವಾಗುವಂತೆ ಆ ಚಿತ್ರಗಳನ್ನೆಲ್ಲ ಹೊಸದಾಗಿ ಬರೆದು ಒಂದು ಗಂಟು ಕಟ್ಟಿ ಕೊಟ್ಟರೆ ಅದೇ ಟೆಕ್ಸ್ಚರ್ ಪ್ಯಾಕ್. ಅಂಬಿಕಾ ಅದರಲ್ಲಿ ಪಳಗಿದ ಕೈ. ಆದರೆ ಕರೆಪ್ಪನ ಜಗತ್ತಿನಲ್ಲಿ ಟೆಕ್ಸ್ಚರ್ ಎಂಬುದು ಒಂದೇ ಒಂದು. ಅದು ಗೋಡೆಗೆ ಹಚ್ಚುವಂಥದ್ದು.

"ಏ ಇಕಿನ," ಎಂದು ಹೆಂಡತಿಯನ್ನು ಪಿಸುದನಿಯಲ್ಲಿ ಕರೆದ. ಪಿಸುದನಿ ಪಕ್ಕದ ಮನೆಗೂ ಕೇಳಿಸಿತು. "ಅಕೀನ ಕೇಳು. ಅಕಿ ಮಾಡೂದು ಟೆಕ್ಸ್ಚರ್ ಹೌದೋ ಅಲ್ಲೋ?"

ಪಾರ್ವತೆವ್ವ ರೊಟ್ಟಿ ಬಡಿಯುವ ಕೈ ನಿಲ್ಲಿಸದೆ ಪರದೆಯತ್ತ ತಿರುಗಿದಳು. "ಯವ್ವಾ, ನೀ ಮಾಡೂದು ಟೆಕ್ಸ್ಚರ್ ಹೌದೋ ಅಲ್ಲೋ ಅಂತ ಕೇಳಾಕತ್ತಾರ."

ಒಳಗೆ ಫೋನ್ ಕಟ್ಟಾಯಿತು. ಆಮೇಲೆ, "ಯಾಕಂತ ಕೇಳವ್ವಾ. ಮತ್ತ ವೈರ್ ಕೀಳಾಕೇನು?"

"ಮತ್ತ ವೈರ್ ಕೀಳ್ತೀರೇನಂತ್ರಿ."

"ಕೀಳಂಗಿಲ್ಲ ಅನ್ನು. ಅಭಿಮಾನದಿಂದ ಕೇಳಾಕತ್ತೇನಿ ಅನ್ನು."

"ನಿಮ್ಮಪ್ಪಗ ಇವತ್ತ ಏನೋ ಆಗೈತಿ," ಎಂದು ಪಾರ್ವತೆವ್ವ ಅನುವಾದಿಸಿದಳು. "ನೆಟ್ಟಗ ಉತ್ತರಾ ಕೊಡು."

"ಹೌದು ಅನ್ನು. ಪಿವಿಪಿ ಟೆಕ್ಸ್ಚರ್ ಪ್ಯಾಕ್ ಅನ್ನು."

ಪಿಓಪಿ ಗೊತ್ತು, ಪಿವಿಸಿ ಗೊತ್ತು. ಪಿವಿಪಿಯನ್ನು ಕರೆಪ್ಪ ಕೇಳಿರಲಿಲ್ಲ. ಅದಕ್ಕಾಗಿ ಅವನು ತಲೆಯನ್ನು ಬಹಳ ಹೊತ್ತು ಮೇಲೆ ಕೆಳಗೆ ಆಡಿಸಿದ. "ಹಾಂ ಹಾಂ, ಪಿವಿಪಿ. ಸೈಜ್ ಎಷ್ಟಂತ?"

"ಹದಿನಾರು ಬೈ ಹದಿನಾರು," ಎಂದಳು ಅಂಬಿಕಾ. ಅವಳು ಹೇಳಿದ್ದು ಚುಕ್ಕಿಗಳ ಲೆಕ್ಕ. ಅಡ್ಡಕ್ಕೆ ಹದಿನಾರು, ಉದ್ದಕ್ಕೆ ಹದಿನಾರು. ಕರೆಪ್ಪ ಅದನ್ನು ಅಡಿಗಳೆಂದು ತಿಳಿದು ಎದೆಯ ಮೇಲೆ ಕೈಯಿಟ್ಟುಕೊಂಡ. ಸಂಘದ ಗೋಡೆ ಹೆಚ್ಚೂ ಕಡಿಮೆ ಅಷ್ಟೇ ಇತ್ತು.

"ನೀರು, ಬೆಂಕಿ ತಡೀತೈತೇನಂತ ಕೇಳು."

"ನೀರಿಂದೇನು, ಬೆಂಕಿದೇನು ಅಂತವ್ವಾ."

ಪರದೆ ಸರಿಯಿತು. ಅಂಬಿಕಾಳ ಅರ್ಧ ಮುಖ ಕಾಣಿಸಿತು. ತಿಂಗಳುಗಟ್ಟಲೆ ತಾನು ರಾತ್ರಿ ಹಗಲು ಬರೆದ ನೀರು ಬೆಂಕಿಗಳ ವಿಷಯ ಅಪ್ಪನಿಗೆ ಹೇಗೆ ತಿಳಿಯಿತೆಂದು ಅವಳ ಕಣ್ಣು ಅರಳಿತ್ತು. "ನೀರು ತಿಳಿ ಮಾಡೀನಂತ ಹೇಳವ್ವಾ, ಒಳಗ ಮುಳುಗಿದ್ರೂ ಎಲ್ಲಾ ಕಾಣಬೇಕು. ಬೆಂಕಿ ತಗ್ಗಿಸೀನಿ. ಹತ್ತಿದ್ರೂ ಮೊಣಕಾಲು ದಾಟಂಗಿಲ್ಲ."

"ನೀರಾಗ ಮುಳುಗಿದ್ರೂ ಏನೂ ಆಗಂಗಿಲ್ಲಂತ್ರಿ," ಎಂದಳು ಪಾರ್ವತೆವ್ವ. "ಬೆಂಕಿ ಮೊಣಕಾಲು ದಾಟಂಗಿಲ್ಲಂತ."

ಆ ಮಧ್ಯಾಹ್ನ ಕರೆಪ್ಪ ಎಷ್ಟು ರೊಟ್ಟಿ ತಿಂದನೆಂಬುದು ಅವನಿಗೇ ತಿಳಿಯಲಿಲ್ಲ.

ಸಂಜೆ ಸಂಘದ ಸಭೆ. ಗೋಡೆಗೆ ಏನು ಮಾಡುವುದೆಂದು ಶಶಿಧರ ಶೆಟ್ಟರು ಶೋಕಸಭೆಯ ದನಿಯಲ್ಲಿ ಕೇಳುತ್ತಿದ್ದಂತೆ ಕರೆಪ್ಪ ಎದ್ದು ನಿಂತ. ಹೆಗಲ ಮೇಲಿನ ಟವೆಲ್ಲನ್ನು ಒಮ್ಮೆ ಝಾಡಿಸಿದ.

"ಶೆಟ್ಟರ, ಮಡಗಾಂವದಂವ ಹ್ವಾದ್ರ ಹೋಗ್ಲಿ ಬಿಡ್ರಿ. ನನ್ನ ಮಗಳು ಅಂಬಿಕಾ ಟೆಕ್ಸ್ಚರ್ ಮಾಡ್ತಾಳ. ಬ್ರೆಜಿಲ್ ದೇಶದ ಮಂದಿ ಹಾಕಿಸಿಕೊಂಡಾರ. ಅದೂ ಸಾದಾ ಟೆಕ್ಸ್ಚರ್ ಅಲ್ರಿ. ಪಿವಿಪಿ!"

ಶೆಟ್ಟರು ಕನ್ನಡಕ ಸರಿಮಾಡಿಕೊಂಡರು. "ಪಿವಿಪಿ ಅಂದ್ರ?"

ಇಂಥ ಪ್ರಶ್ನೆಗೆ ಬೇರೆಯವರಾಗಿದ್ದರೆ ಎಡವುತ್ತಿದ್ದರು. ಕರೆಪ್ಪ ಉಸಿರನ್ನೂ ತೆಗೆದುಕೊಳ್ಳಲಿಲ್ಲ. "ಪರ್ಮನೆಂಟ್ ವಾಲ್ ಪ್ಲಾಸ್ಟರ್."

"ಕರೆಪ್ಪಾ, ವಾಲ್ ಅನ್ನೂದಕ್ಕ ಇಂಗ್ಲಿಷಿನ್ಯಾಗ ಡಬಲ್ ಯೂ ಬರ್ತೈತಲ್ಲಪಾ. ನೀ ವೀ ಅಂತಿ."

"ಕನ್ನಡದಾಗ ವ ಎಷ್ಟ ಅದಾವ್ರಿ ಶೆಟ್ಟರ?"

"ಒಂದ."

"ಮತ್ತ ಕನ್ನಡ ಸಂಘದಾಗ ಕುಂತು ಎರಡನೇ ವ ಯಾಕ ಹುಡುಕ್ತೀರಿ?"

ಚಪ್ಪಾಳೆ ಎಷ್ಟು ಜೋರಾಗಿತ್ತೆಂದರೆ ಹೊರಗೆ ನಿಂತಿದ್ದ ಕಂಪನಿ ಬಸ್ಸಿನ ಡ್ರೈವರು ಬಂಡಿ ಬಿಟ್ಟು ಇಣುಕಿ ನೋಡಿದ. ಶೆಟ್ಟರು ತಮ್ಮ ಕೈಯಾರೆ ಠರಾವು ಬರೆದುಕೊಂಡರು. ಗೋಡೆಯ ಅಳತೆ ಹದಿನಾರಕ್ಕೆ ತುಸು ಕಡಿಮೆ ಬಂದಾಗಲೂ, "ಉಳಿದದ್ದು ಮಡಚಿದ್ರಾತು" ಎಂದು ಕರೆಪ್ಪ ಸಮಾಧಾನ ಹೇಳಿದ.

ಮನೆಗೆ ಬಂದವನೇ ಹೆಂಡತಿಯ ಮೂಲಕ ಸುದ್ದಿ ಒಳಗೆ ಕಳಿಸಿದ.

"ಯವ್ವಾ, ಸಂಘದ ಗ್ವಾಡಿ ಮ್ಯಾಲೆ ನಿನ್ನ ಟೆಕ್ಸ್ಚರ್ ಬೇಕಂತ. ಭವನದ ಉದ್ಘಾಟನಿಗೆ."

"ಗ್ವಾಡಿ ಮ್ಯಾಲೆ?" ಅಂಬಿಕಾ ಪರದೆಗೆ ಹತ್ತಿರ ಬಂದಳು. "ಎಲ್ಲಾರ ಮುಂದನೂ?"

"ಎಲ್ಲಾರ ಮುಂದನೂ ಅಂತ."

ಕಾಲೇಜಿನಲ್ಲಿ ಗೋಡೆಯ ಮೇಲೆ ಪ್ರೊಜೆಕ್ಟರ್ ಬಿಟ್ಟು ಚಿತ್ರ ತೋರಿಸುವುದನ್ನು ದಿನವೂ ನೋಡುವ ಹುಡುಗಿ ಅವಳು. ಅಪ್ಪ ತನ್ನ ಕೆಲಸವನ್ನು ಇಡೀ ಸಂಘಕ್ಕೆ ದೊಡ್ಡದಾಗಿ ತೋರಿಸಬೇಕೆಂದಿದ್ದಾನೆ ಎಂದುಕೊಂಡಳು. ಪರದೆಯ ಹಿಂದೆಯೇ ಕಣ್ಣೊರೆಸಿಕೊಂಡಳು. "ಅಪ್ಪಗ ಹೇಳವ್ವಾ, ಗ್ವಾಡಿ ಬೆಳ್ಳಗ ಇರಬೇಕು. ಅದರ ಮ್ಯಾಲ ಬ್ಯಾರೆ ಏನೂ ಹಚ್ಚಬಾರದು."

"ಪ್ರೈಮರ್ ಹೊಡಿಸಿಡು ಅನ್ನಾಕತ್ತಾಳ. ಖರೇ ಕಸಬುಗಾರಳು," ಎಂದ ಕರೆಪ್ಪ. "ಮಾಲು ಎಷ್ಟ ಬೇಕಂತ? ಎಷ್ಟ ಡಬ್ಬಿ?"

"ಏನೂ ಬ್ಯಾಡನ್ನು. ಎಲ್ಲಾ ಪೆನ್ ಡ್ರೈವಿನ್ಯಾಗ ತರ್ತೀನಿ ಅನ್ನವ್ವಾ," ಎಂದಳು ಅಂಬಿಕಾ.

ಪಾರ್ವತೆವ್ವನ ಬಾಯಲ್ಲಿ ಬರುವಷ್ಟರಲ್ಲಿ ಅದು "ಪೆನ್ನಿನ್ಯಾಗ" ಎಂದಾಗಿತ್ತು. ಕರೆಪ್ಪ ಕಣ್ಣು ಮುಚ್ಚಿ ಯೋಚಿಸಿದ. ಅತ್ತರು ಒಂದು ಹನಿ ಸಾಕಲ್ಲವೇ? ಹಾಗೇ ಇದೂ! "ಗಟ್ಟಿ ಮಾಲು. ಒಂದು ಪೆನ್ನಿನಷ್ಟ ಇದ್ರ ಇಡೀ ಗ್ವಾಡಿ ಹಿಡಿತೈತಿ. ಹೊತ್ತು ಎಷ್ಟ ಬೇಕಂತ?"

"ಎರಡು ನಿಮಿಷ, ಲೋಡ್ ಆಗಾಕ."

ಮರುದಿನ ಬೆಳಗಾಗುವಷ್ಟರಲ್ಲಿ ಓಣಿಗೆಲ್ಲ ಸುದ್ದಿ. ಪಕ್ಕದ ಮನೆಯ ಟೇಲರ್ ಖುರ್ಷಿದಾಬೇಗಂ ಹೊಲಿಗೆ ಮಿಷನ್ ಬಿಟ್ಟು ಓಡಿಬಂದಳು. ಅವಳ ಅಡುಗೆಮನೆಯ ಗೋಡೆಗೆ ಮಳೆಗಾಲದಿಂದ ತೇವ ಇಳಿದಿತ್ತು. "ಅಣ್ಣಾರ, ನೀರಾಗ ಮುಳುಗಿದ್ರೂ ಏನೂ ಆಗಂಗಿಲ್ಲಂತಲ್ರಿ? ನನ್ನ ಗ್ವಾಡಿಗೂ ಅರ್ಧ ಪೆನ್ನು ಹಚ್ಚಸ್ರಿ!"

"ಮೊದಲ ಸಂಘದ್ದಾಗಲಿ ತಂಗಿ," ಎಂದ ಕರೆಪ್ಪ, ರಾಜ್ಯ ಹಂಚುವವನಂತೆ. "ಆಮ್ಯಾಲ ನಿಂದ."

ಮಡಗಾಂವಿನಿಂದ ಕರೆಪ್ಪನ ತಂಗಿ ಕಾಂಚನಾ ರೈಲು ಹಿಡಿದು ಬಂದಳು. ಅವಳ ಚಿಂತೆ ಬೇರೆ. ಹೆಣ್ಣುಮಗಳು ಏಣಿ ಹತ್ತಿ ಗೋಡೆ ಬಳಿದರೆ ನಾಳೆ ಹೆಣ್ಣು ಕೇಳಿಕೊಂಡು ಬರುವವರು ಯಾರು? ಹತ್ತುವುದೇ ಆದರೆ ಸೀರೆ ಬೇಡವೆಂದು ಒಂದು ಗಟ್ಟಿ ಚೂಡಿದಾರವನ್ನೂ ತಂದಿದ್ದಳು. ಅದನ್ನು ಅಂಬಿಕಾಳ ಕೈಗಿಟ್ಟು ತಲೆ ಸವರಿದಳು. "ಎತ್ತರದ ಮ್ಯಾಲಿಂದ ಬೀಳಬ್ಯಾಡವ್ವಾ ನಮ್ಮವ್ವಾ."

ಅಂಬಿಕಾಗೆ ಅತ್ತೆಯೂ ಆಟದ ಬಗ್ಗೆ ತಿಳಿದುಕೊಂಡು ಬಂದಿದ್ದಾಳೆಂಬ ಸಂತೋಷ. ಆ ಆಟದಲ್ಲಿ ಆಟಗಾರನ ಜೀವವನ್ನು ಅಳೆಯುವುದು ಹಾರ್ಟುಗಳ ಲೆಕ್ಕದಲ್ಲಿ. "ಬಿದ್ರೂ ಏನಾಗಂಗಿಲ್ಲ ಅತ್ತೀ. ಭಾಳಂದ್ರ ಮೂರು ಹಾರ್ಟ್ ಹೋಗ್ತಾವು. ರೊಟ್ಟಿ ತಿಂದ್ರ ಮತ್ತ ಬರ್ತಾವು. ಸತ್ರೂ ಮತ್ತ ಹುಟ್ಟಿ ಬರಬಹುದು."

ಕಾಂಚನಾ ಚೂಡಿದಾರವನ್ನು ಅಲ್ಲೇ ಬಿಟ್ಟು ಅಡುಗೆಮನೆಗೆ ಹೋಗಿ, ಪಾರ್ವತೆವ್ವನ ತೋಳು ಹಿಡಿದು ಅಳತೊಡಗಿದಳು. "ವೈನೀ, ಹುಡುಗಿ ವೇದಾಂತ ಮಾತಾಡಾಕತ್ತೈತಿ!"

ಇಷ್ಟಕ್ಕೇ ನಿಂತಿದ್ದರೆ ಹೇಗೋ ಆಗುತ್ತಿತ್ತು. ಆದರೆ ಉದ್ಘಾಟನೆಗೆ ಮುಖ್ಯ ಅತಿಥಿಯೆಂದು ಶೆಟ್ಟರು ಪಂಚಾಯತಿಯ ಪಂಚ್ ಇನಾಸ್ ಬಾಬರನ್ನು ಕರೆದಿದ್ದರು. ಇನಾಸ್ ಬಾಬ್, ಎಂದರೆ ನಮ್ಮಲ್ಲಿಯ ಇನಾಸ್ ರಾಯರು, ಗೋವೆಯ ಹಳೆಯ ಮನೆತನದವರು. ಕನ್ನಡಿಗರ ವೋಟು ಬಹಳವಿದ್ದ ಕಾರಣ ಚುನಾವಣೆಗೊಂದಿಷ್ಟು ಕನ್ನಡ ಕಲಿತಿದ್ದರು. ಅವರು ಸ್ಕೂಟರ್ ನಿಲ್ಲಿಸಿ ಅಂಗಡಿಗೇ ಬಂದರು.

"ಕಿತೆಂ ರೆ ಕರೆಪ್ಪಾ! ನಿಂದು ಮಗಳು ಪಿವಿಪಿ ಮಾಡ್ತದೆ? ಸಮುದ್ರದ ಗಾಳಿ ಬಂತು, ನಂದು ಮನೆ ಬಣ್ಣ ಪೂರಾ ಹೋತು. ಪಿವಿಪಿ ಹೋಗ್ತದೆ ಇಲ್ಲಾ?"

"ಪಿವಿಪಿ ಹೋಗೂ ಮಾತೇ ಇಲ್ಲ ಬಾಬ್. ಬೆಂಕಿ ಹಚ್ಚಿದ್ರೂ ಮೊಣಕಾಲು ದಾಟಂಗಿಲ್ಲ."

"ಬೆಂಕಿ ಯಾರು ಹಚ್ತದೆ?"

"ಎಲೆಕ್ಷನ್ ಬಂದ್ರ ಯಾರ್ಯಾರೋ ಹಚ್ತಾರ್ರಿ."

ಇನಾಸ್ ಬಾಬ್ ಗಂಭೀರರಾದರು. ಮರುದಿನವೇ ಆಳುಗಳನ್ನು ಹಚ್ಚಿ ತಮ್ಮ ಮನೆಯ ಬಣ್ಣವನ್ನೆಲ್ಲ ಕೆರೆಸಿಬಿಟ್ಟರು, ಪಿವಿಪಿಗೆ ಗೋಡೆ ಸಿದ್ಧವಿರಲಿ ಎಂದು. ಅಜ್ಜನ ಕಾಲದ ಆ ದೊಡ್ಡ ಮನೆ ತೆಂಗಿನ ಮರಗಳ ನಡುವೆ ಸಿಪ್ಪೆ ಸುಲಿದ ಗೆಣಸಿನಂತೆ ನಿಂತಿತು. ಬಾಬರ ತಾಯಿ ಮುದುಕಿ, ಜಗಲಿಯ ಕಟ್ಟೆಯ ಮೇಲೆ ಕೂತು ಹೋಗಿಬರುವವರಿಗೆಲ್ಲ ಕೊಂಕಣಿಯಲ್ಲಿ ಮಗನ ಬುದ್ಧಿಯನ್ನು ವರ್ಣಿಸತೊಡಗಿದಳು. ಕರೆಪ್ಪನೂ ಸುಮ್ಮನಿರಲಿಲ್ಲ. ಅಂಗಡಿಯ ಬೋರ್ಡಿನ ಮೇಲೆ "ಗೋವಾದಲ್ಲಿ ಪ್ರಪ್ರಥಮ! ಪಿವಿಪಿ ಟೆಕ್ಸ್ಚರ್" ಎಂದು ತಾನೇ ಕೆಂಪಕ್ಷರದಲ್ಲಿ ಬರೆದ.

ರವಿವಾರ ಬಂತು. ಸಂಜೆಗೆ ಭವನ ತುಂಬಿ ತುಳುಕಿತು. ವೆರ್ಣಾದ ಕಾರ್ಖಾನೆಯ ಮಂದಿ ಪಾಳಿ ಮುಗಿಸಿ ಸಮವಸ್ತ್ರದಲ್ಲೇ ಬಂದಿದ್ದರು. ವೇದಿಕೆಯ ಮೇಲೆ ಬೆಳ್ಳಗಿನ ಗೋಡೆ, ಅದರ ಮುಂದೆ ಬಿದಿರಿನ ಅಟ್ಟಣಿಗೆ, ಎರಡು ಏಣಿ, ನೀರಿನ ಬಕೆಟ್ಟು, ಕೆಳಗೆ ಹಾಸಿದ ತಾಡಪತ್ರಿ. ಇದನ್ನೆಲ್ಲ ಕರೆಪ್ಪ ಬೆಳಗಿನಿಂದ ನಿಂತು ಜೋಡಿಸಿದ್ದ.

ಅಂಬಿಕಾ ಗೆಳತಿ ಸುರೇಖಾಳ ಜೊತೆ ಬಂದಳು. ಇಬ್ಬರ ಬಳಿಯೂ ಒಂದೊಂದು ಲ್ಯಾಪ್‌ಟಾಪು. ಕಾಲೇಜಿನಿಂದ ಕೇಳಿ ತಂದ ಪ್ರೊಜೆಕ್ಟರ್ ಬೇರೆ. ಅಟ್ಟಣಿಗೆ ನೋಡಿ ಅವಳು ಬೆರಗಾದಳು. "ಅವ್ವಾ, ಇದನ್ನ ತಗಸಂತ ಹೇಳು. ನೆರಳು ಬೀಳ್ತೈತಿ."

"ಅಟ್ಟಣಿಗಿ ಬ್ಯಾಡಂತ್ರಿ."

"ಅಟ್ಟಣಿಗಿ ಸುದ್ದಾ ಬ್ಯಾಡ!" ಎಂದು ಕರೆಪ್ಪ ಸಭೆಗೆ ಸಾರಿದ. ಸಭೆ "ಆಹಾ" ಎಂದಿತು. ನಾಲ್ಕು ಜನ ಅಟ್ಟಣಿಗೆ ಕಳಚಿ ಹೊತ್ತುಕೊಂಡು ಹೋದರು.

ಶೆಟ್ಟರು ಮೈಕಿನಲ್ಲಿ ಅರ್ಧ ತಾಸು ಸ್ವಾಗತ ಮಾಡಿ, "ಈಗ ನಮ್ಮ ಸಂಘದ ಹೆಮ್ಮೆಯ ಕುವರಿ ಎರಡು ನಿಮಿಷದಲ್ಲಿ ಈ ಗೋಡೆಯನ್ನು ಶಾಶ್ವತವಾಗಿ ಅಲಂಕರಿಸಲಿದ್ದಾಳೆ" ಎಂದರು. ಶಾಶ್ವತ ಎಂದದ್ದೇಕೆಂದು ಅಂಬಿಕಾಗೆ ತಿಳಿಯಲಿಲ್ಲ. ಭಾಷಣದಲ್ಲಿ ಹಾಗೆಲ್ಲ ಹೇಳುವುದುಂಟೆಂದು ಸುಮ್ಮನಾಗಿ, ದೀಪ ಆರಿಸಲು ಹೇಳಿದಳು.

ಕತ್ತಲಾಯಿತು. ಗೋಡೆಯ ಮೇಲೆ ಬೆಳಕು ಚಿಮ್ಮಿತು. ಮರುಗಳಿಗೆಯಲ್ಲಿ ಆ ಬೋಳು ಗೋಡೆ ಚೌಕ ಚೌಕ ಕೆಂಪು ಚಿರೇಕಲ್ಲಿನ ಕೋಟೆಯಾಯಿತು. ಕೋಟೆಯ ಬುಡದಲ್ಲಿ ತಿಳಿನೀಲಿ ನೀರು, ಪಕ್ಕದಲ್ಲಿ ಗಿಡ್ಡ ಗಿಡ್ಡ ಬೆಂಕಿ, ಗುರಾಣಿಗಳ ಮೇಲೆ ಇಳಕಲ್ ಸೀರೆಯ ಸೆರಗಿನ ಗೆರೆ. ಖುರ್ಷಿದಾಬೇಗಂ "ಯಾ ಅಲ್ಲಾ!" ಎಂದು ಎದ್ದು ನಿಂತಳು. ಜನ ಕುರ್ಚಿ ಬಡಿದರು. ಕರೆಪ್ಪನ ಎದೆ ಅಂಗಿಯ ಗುಂಡಿ ಹರಿಯುವಷ್ಟು ಉಬ್ಬಿತು.

ಇನಾಸ್ ಬಾಬ್ ಮುಟ್ಟಿ ನೋಡಲೆಂದು ವೇದಿಕೆ ಹತ್ತಿದರು. ಗೋಡೆ ಸವರಿದರು. ನುಣ್ಣಗಿತ್ತು. ಕೈ ನೋಡಿಕೊಂಡರು, ಕೈಮೇಲೆ ಚಿರೇಕಲ್ಲು. ತಮ್ಮ ಬಿಳಿ ಅಂಗಿ ನೋಡಿಕೊಂಡರು, ಹೊಟ್ಟೆಯ ಮೇಲೆ ಸಣ್ಣಗೆ ಬೆಂಕಿ ಉರಿಯುತ್ತಿತ್ತು. "ಸಾಯ್ಬಾ ಬೊಗೊಸ್!" ಎಂದು ಕೊಂಕಣಿಯಲ್ಲಿ ದೇವರ ಕ್ಷಮೆ ಬೇಡಿ ಪಕ್ಕಕ್ಕೆ ಹಾರಿದರು. "ಲೈಟ್ ಹಚ್ಚಿರಿ! ಲೈಟ್!"

ಯಾರೋ ದೀಪ ಹಾಕಿದರು. ಗೋಡೆ ಮತ್ತೆ ಬೆಳ್ಳಗೆ ಬೋಳು.

"ಎಲ್ಲಿ ಹೋತು ಪಿವಿಪಿ?" ಎಂದರು ಇನಾಸ್ ಬಾಬ್. "ಪರ್ಮನೆಂಟ್ ಹೇಳಿದ್ರಿ!"

"ಕರೆಪ್ಪಾ," ಎಂದರು ಶೆಟ್ಟರು, ಮೈಕು ಬಾಯೆದುರೇ ಇದ್ದುದನ್ನು ಮರೆತು, "ಪ್ಲಾಸ್ಟರ್ ಎಲ್ಲೈತೋ?"

ಅಂಬಿಕಾ ಎಲ್ಲರ ಮುಖ ನೋಡಿದಳು. "ಯಾವ ಪ್ಲಾಸ್ಟರ್? ಇದು ಆಟದ ಟೆಕ್ಸ್ಚರ್ ರೀ. ಇಬ್ಬರು ಎದುರಾ ಬದುರಾ ಕಾದಾಡ್ತಾರಲ್ಲ, ಆ ಆಟಕ್ಕ ನಾ ಬರೆದ ಚಿತ್ರಾ."

"ಆಟ?" ಇನಾಸ್ ಬಾಬ್ ತಲೆಯ ಮೇಲೆ ಕೈಹೊತ್ತರು. "ನಂದು ಮನೆ ಪೂರಾ ಕೆರದು ಇಟ್ಟೇನೆ! ನಂದು ತಾಯಿ ಎರಡು ದಿವಸ ಊಟ ಕೊಟ್ಟಿಲ್ಲ!"

ಸಭೆ ಗೊಳ್ಳೆಂದಿತು. "ಠರಾವು! ಠರಾವು!" ಎಂದು ಶೆಟ್ಟರು ಕೂಗಿದರು. "ನನ್ನ ಅರ್ಧ ಪೆನ್ನು?" ಎಂದಳು ಖುರ್ಷಿದಾಬೇಗಂ. ಇದೆಲ್ಲದರ ನಡುವೆ ಅಂಬಿಕಾ ವೇದಿಕೆಯ ಅಂಚಿಗೆ ಬಂದು, ಬಹಳ ದಿನಗಳ ಮೇಲೆ ಮೊದಲ ಸಲ ನೇರವಾಗಿ ಅಪ್ಪನನ್ನೇ ನೋಡಿದಳು.

"ಅಪ್ಪಾ, ನೀ ನನ್ನ ಆಟದ ಬಗ್ಗೆ ಕೇಳಾಕತ್ತೀದಿ ಅಂತ ತಿಳ್ಕೊಂಡಿದ್ನಿ. ನೀ ಕೇಳಿದ್ದು ಗ್ವಾಡೀದೇನು?"

"ರೀ, ನೀವು ಕೇಳಿದ್ದು ಗ್ವಾಡೀದೇನಂತ," ಎಂದಳು ಪಾರ್ವತೆವ್ವ, ರೂಢಿಯ ಬಲದಿಂದ.

"ನನಗ ಕೇಳಿಸ್ತು," ಎಂದ ಕರೆಪ್ಪ.

ಮಗಳ ಕಣ್ಣಲ್ಲಿ ನೀರಾಡುತ್ತಿತ್ತು. ಅವಳು ಪ್ರೊಜೆಕ್ಟರಿನ ವೈರಿಗೆ ಕೈಹಾಕಿದಳು. ಕರೆಪ್ಪನ ಬಾಯಿಗೆ ಅಭ್ಯಾಸದಂತೆ ಹತ್ತು ಉತ್ತರ ಬಂದವು. ಹೊಸ ಮಾದರಿಯ ಪ್ಲಾಸ್ಟರು, ಕತ್ತಲಲ್ಲಷ್ಟೇ ಕಾಣುತ್ತದೆ ಎನ್ನಬಹುದಿತ್ತು. ಅರ್ಧ ಸಭೆ ನಂಬಿಯೂ ಬಿಡುತ್ತಿತ್ತು. ಅವನು ವೇದಿಕೆ ಹತ್ತಿದ. ಶೆಟ್ಟರ ಕೈಯಿಂದ ಮೈಕು ತೆಗೆದುಕೊಂಡ.

"ಕೇಳ್ರಿ ಎಲ್ಲಾರೂ. ಇದು ಏನಂತ ನನಗ ಗೊ... ಗೊತ್ತಿಲ್ಲ." ಮಾತು ಗಂಟಲಲ್ಲಿ ಮೀನಿನ ಮುಳ್ಳಿನಂತೆ ಸಿಕ್ಕಿ, ಕೊನೆಗೂ ಹೊರಬಿತ್ತು. "ಪಿವಿಪಿ ಅಂದ್ರೇನು ಗೊತ್ತಿಲ್ಲ. ನನ್ನ ಮಗಳಿಗೆ ಗೊತ್ತೈತಿ. ಅಕಿದು ಏನೂ ತಪ್ಪಿಲ್ಲ. ಅಂಬಿಕಾ, ವೈರ್ ಕೀಳಬ್ಯಾಡ. ಹೇಳವ್ವಾ, ನಾನೂ ಕುಂತು ಕೇಳ್ತೇನಿ." ಹಾಗೆಂದು ಕೆಳಗಿಳಿದು ಬಂದು ಬರಿನೆಲದ ಮೇಲೆ, ಎಲ್ಲರಿಗಿಂತ ಮುಂದೆ, ಕಾಲುಮಡಚಿ ಕೂತುಬಿಟ್ಟ.

ಅಂಬಿಕಾ ಮೂಗು ಒರೆಸಿಕೊಂಡಳು. "ಇದು ಹೇಳೂದಲ್ಲಪ್ಪಾ. ಆಡೂದು. ಬಾ ಇಲ್ಲಿ."

"ಯಾರ ಜೋಡಿ?"

"ನಂದು ಜೋಡಿ!" ಎಂದು ಗುಡುಗಿದರು ಇನಾಸ್ ಬಾಬ್, ಅಂಗಿಯ ತೋಳು ಮಡಚುತ್ತ. "ನಂದು ಮನೆ ಕೆರದಾತು. ಈಗ ನಾನು ಇವಂಗೆ ಕೆರೀತೇನೆ."

ದೀಪ ಆರಿತು. ಗೋವೆಯ ನೆಲದಲ್ಲಿ ಎಷ್ಟೋ ಯುದ್ಧಗಳಾಗಿವೆ, ಹೀಗೊಂದು ಆಗಿರಲಾರದು. ಗೋಡೆಯ ಮೇಲೆ ಚೌಕ ತಲೆಯ ಕರೆಪ್ಪ, ಚೌಕ ತಲೆಯ ಇನಾಸ್ ಬಾಬ್, ಇಬ್ಬರ ಕೈಯಲ್ಲೂ ಕತ್ತಿ. ಬಾಬ್ ಮೊದಲ ನಿಮಿಷವನ್ನು ಆಕಾಶ ನೋಡುವುದರಲ್ಲಿ ಕಳೆದರು. ತಲೆ ಕೆಳಗಿಳಿಸುವುದು ಹೇಗೆಂದು ಗೊತ್ತಾಗಲಿಲ್ಲ. ಆಮೇಲೆ ದಾರಿಯಲ್ಲಿ ಸಿಕ್ಕ ಒಂದು ಕುರಿಯನ್ನು ಕರೆಪ್ಪನೆಂದು ತಿಳಿದು ಚೆನ್ನಾಗಿ ಬಾರಿಸಿದರು. ಕರೆಪ್ಪ ಅಷ್ಟರಲ್ಲಿ ಕೋಟೆಗೋಡೆಗೆ ಮುಖ ಹಚ್ಚಿಕೊಂಡು ಓಡುತ್ತಲೇ ಇದ್ದ, ಇದ್ದಲ್ಲೇ.

"ಅಣ್ಣಾರ, ಹಿಂದ ತಿರುಗ್ರಿ ಹಿಂದ!" ಎಂದು ಖುರ್ಷಿದಾಬೇಗಂ ಕುರ್ಚಿ ಹತ್ತಿ ಕೂಗಿದಳು. ವೆರ್ಣಾದ ಮಂದಿ ಎರಡು ಪಕ್ಷವಾದರು. ಶೆಟ್ಟರು ಮೈಕಿನಲ್ಲಿ ವೀಕ್ಷಕ ವಿವರಣೆ ಶುರು ಮಾಡಿದರು.

ಕರೆಪ್ಪ ತಿರುಗಿದ, ಓಡಿದ, ನೇರವಾಗಿ ಬೆಂಕಿಯೊಳಗೆ ಹೊಕ್ಕ. ಕಾಂಚನಾ ಕಿಟಾರನೆ ಕಿರುಚಿದಳು. ಕರೆಪ್ಪನೂ ಕಿರುಚಿದ, ಆದರೆ ಸಂತೋಷದಿಂದ: "ಏ ಪಾರವ್ವಾ! ಮೊಣಕಾಲು ದಾಟಿಲ್ಲ ನೋಡ! ಮೈಗೆ ಬೆಂಕಿ ಹತ್ತೈತಿ, ಆದ್ರೂ ಎದುರಿಂದೆಲ್ಲಾ ಕಾಣಾಕತ್ತೈತಿ! ಅಂಬಿಕಾ, ಇದಕ್ಕೇನವ್ವಾ ನೀ ತಗ್ಗಿಸಿದ್ದು?"

"ಹೌದಪ್ಪಾ! ನೀರಿಗೆ ಹಾರು, ನೀರಿಗೆ!"

ಹಾರಿದ. ನೀರು ಗಾಜಿನಂತೆ ತಿಳಿಯಾಗಿತ್ತು. ತಳದ ಕಲ್ಲು, ಕಲ್ಲಿನ ಗೆರೆ, ಗೆರೆಯ ನಡುವಿನ ಪಾಚಿ, ಒಂದೊಂದೂ ಕಾಣುತ್ತಿತ್ತು. ಕರೆಪ್ಪ ಮೇಲೆ ಬರಲಿಲ್ಲ. "ಅಪ್ಪಾ, ಉಸಿರು ಮುಗೀತೈತಿ, ಮ್ಯಾಲ ಬಾ!" ಎಂದು ಅಂಬಿಕಾ ಕೂಗುತ್ತಿದ್ದಳು. "ತಡಿಯವ್ವಾ, ಎಷ್ಟ ಚಲೋ ಬರ್ದೀಯಲ್ಲ, ನೋಡಾಕತ್ತೇನಿ," ಎನ್ನುತ್ತಲೇ ಕರೆಪ್ಪ ನೀರೊಳಗೆ ಮುಳುಗಿ ಸತ್ತ.

ಇನಾಸ್ ಬಾಬ್ ಗೆದ್ದರು. ಎದುರಾಳಿಗೆ ಒಂದು ಏಟೂ ಹೊಡೆಯದೆ, ಹಿಂದಿನ ಚುನಾವಣೆಯಲ್ಲಿ ಗೆದ್ದಂತೆಯೇ, ಅವಿರೋಧವಾಗಿ. ಜನ ಅವರನ್ನು ಹೆಗಲ ಮೇಲೆ ಹೊತ್ತು ಕುಣಿದರು. ಹೆಗಲ ಮೇಲಿಂದಲೇ ಅವರು ತೀರ್ಪು ಕೊಟ್ಟರು: "ಕರೆಪ್ಪಾ, ನಾಳೆ ಬಂದು ನಂದು ಮನೆಗೆ ಸಾದಾ ಬಣ್ಣ ಹೊಡಿ. ತಾಯಿ ನೀಲಿ ಬೇಕು ಹೇಳ್ತದೆ. ಮತ್ತೆ ಮುಂದಿನ ರವಿವಾರ ಇನ್ನೊಂದು ಆಟ!"

ಶೆಟ್ಟರು ಅಲ್ಲೇ ಹಳೆಯ ಠರಾವಿನ ಮೇಲೆ ಗೆರೆ ಎಳೆದು ಹೊಸದು ಬರೆದರು: ಸಂಘದ ಗೋಡೆಯನ್ನು ಬೆಳ್ಳಗೇ ಇಡತಕ್ಕದ್ದು, ಅದರ ಮೇಲೆ ಯಾರೂ ಏನನ್ನೂ ಹಚ್ಚಕೂಡದು.

ಈಗ ರವಿವಾರದ ಸಂಜೆಗಳಲ್ಲಿ ಸಂಘದ ಭವನದಲ್ಲಿ ಕೂಡಲು ಜಾಗ ಸಿಗುವುದಿಲ್ಲ. ಖುರ್ಷಿದಾಬೇಗಂ ಇಬ್ಬರು ಪದವೀಧರರನ್ನು ಸೋಲಿಸಿದ್ದಾಳೆ. ಅವಳ ಅಡುಗೆಮನೆಯ ತೇವಕ್ಕೆ ಕರೆಪ್ಪ ಸಿಮೆಂಟು ಹಾಕಿಸಿಕೊಟ್ಟ. ಅಪ್ಪ ಮಗಳ ನಡುವೆ ಪಾರ್ವತೆವ್ವನಿಗೆ ಕೆಲಸವಿಲ್ಲ. ಅದು ಅವಳಿಗೆ ಸ್ವಲ್ಪ ಬೇಸರವೇ.

ಮೊನ್ನೆ ಊಟಕ್ಕೆ ಕೂತಾಗ ಕರೆಪ್ಪ ಮಗಳನ್ನು ನೇರವಾಗಿಯೇ ಕೇಳಿದ. "ಅಂಬಿಕಾ, ನನ್ನ ಕತ್ತಿ ಇಷ್ಟ ಗಿಡ್ಡ ಯಾಕ ಮಾಡೀದಿ? ನನಗೊಂದು ಉದ್ದನ್ನ ಕತ್ತಿ ಮಾಡಿಕೊಡು. ಬಂಗಾರದ ಬಣ್ಣದ್ದು."

"ಅಪ್ಪಾ, ಕಾದಾಡಾಕ ಗಿಡ್ಡ ಕತ್ತೀನ ಚಲೋ. ಉದ್ದ ಕತ್ತಿ ಕಣ್ಣಿಗೆ ಅಡ್ಡ ಬರ್ತೈತಿ. ನಿನಗ ಎದುರಿನವ್ರು ಕಾಣಂಗಿಲ್ಲ."

ಕರೆಪ್ಪ ರೊಟ್ಟಿ ಮುರಿಯುತ್ತ ಯೋಚಿಸಿದ.

"ನನಗ ಅವ್ರು ಯಾಕ ಕಾಣಬೇಕ? ಅವ್ರಿಗೆ ನಾ ಕಂಡ್ರ ಸಾಕು."

ಅಂಬಿಕಾ ಮಾಡಿಕೊಟ್ಟಳು. ಆಮೇಲೆ ಕರೆಪ್ಪ ಒಂದು ಆಟವನ್ನೂ ಗೆದ್ದಿಲ್ಲ. ಆದರೆ ಅವನು ಬರುತ್ತಿರುವುದು ಎಲ್ಲರಿಗೂ ಬಹಳ ದೂರದಿಂದಲೇ ಕಾಣುತ್ತದೆ.